ಮುತ್ತಮ್ಮಕ್ಕನ ಹಸಿರು

ಏಪ್ರಿಲ್ 21, 2014. ಸೋಮವಾರ

ಏಳೂಕಾಲರ ವಿಮಾನ ತಲೆ ಮೇಲೆ ಹೋಗುವಷ್ಟರಲ್ಲಿ ಮುದ್ದೆಗೆ ಎಸರು ಇಟ್ಟಾಗಿತ್ತು. ಬಕೆಟ್ ಚೆಲ್ಲಿ, ನೆಲ ಒರೆಸಿ, ನೆಂದ ಚಾಪೆ ಬಿಸಿಲಿಗೆ ಹಾಕಿದೆ. ನಿನ್ನೆಯ ಆಲಿಕಲ್ಲು ಮಳೆಗೆ ಹದಿನಾರು ಹಂಚು ಚೂರು. ಉಳಿದವನ್ನು ಮೊದಲೇ ಕೋತಿಗಳು ಸರಿಸಿಟ್ಟಿದ್ದವು. ಇವರು ಏಣಿ ಹತ್ತಿ ನೋಡಿ, ಇಳಿದು, ಲುಂಗಿ ಕೊಡವಿಕೊಂಡು ಹೇಳಿದರು — "ಹಂಚಿನ್ ಕಾಲ ಮುಗೀತು ಕಣೇ. ಶೀಟ್ ಹಾಕ್ಸೋಣ." ಇಪ್ಪತ್ತೈದು ವರ್ಷದಲ್ಲಿ ನನ್ನನ್ನು ಕೇಳದೆ ಇವರು ತೆಗೆದುಕೊಂಡ ತೀರ್ಮಾನಗಳಲ್ಲಿ ನನಗೂ ಒಪ್ಪಿಗೆಯಾದದ್ದು ಇದೊಂದೇ.

ರೋಡು ಅಗಲ ಮಾಡುವಾಗ ಮನೆ ಮುಂದಿನ ಹುಣಸೆಮರ ಕಡಿದರಲ್ಲ... ಆ ಮರ ಇರುವ ತನಕ ನಮ್ಮ ಮನೆ ರೋಡಿಗೆ ಹೇಗೆ ಕಾಣುತ್ತದೆ ಅಂತ ನನಗೇ ಗೊತ್ತಿರಲಿಲ್ಲ. ಈಗ ಸೂಲಿಬೆಲೆ ಕಡೆಯಿಂದ ಏರ್‌ಪೋರ್ಟಿಗೆ ಹೋಗುವ ಕಾರುಗಳೆಲ್ಲ ನೋಡಿಕೊಂಡು ಹೋಗುತ್ತವೆ. ಕಪ್ಪು ಹಿಡಿದ ಹಂಚು, ಅದರ ಮೇಲೆ ಪಾಚಿ, ಪಾಚಿ ಮೇಲೆ ಇವರು ಹೊದಿಸಿದ ನೀಲಿ ಟಾರ್ಪಾಲು. ಅಂಗನವಾಡಿ ಟೀಚರ್ ಮನೆ. ನಾಚಿಕೆಯಾಗುತ್ತದೆ.

ಸಂಜೆ ವಿಜಯಪುರದಿಂದ ಶೀಟಿನ ಕೆಲಸದ ಆದಿನಾರಾಯಣಪ್ಪ ಬಂದ. ನಮ್ಮ ಕಡೆ ಅಳೆದ. ಆಮೇಲೆ ಗೋಡೆ ಆಚೆ ಭಾವ ಹನುಮಂತರಾಯಪ್ಪನವರ ಕಡೆಯೂ ಅಳೆದ — ಅವರೂ ಶೀಟೇ ಹಾಕಿಸುತ್ತಾರಂತೆ. ಅಣ್ಣತಮ್ಮಂದಿರ ಭಾಗ ಆಗಿ ಎಂಟು ವರ್ಷ. ಗೋಡೆ ಎದ್ದದ್ದು ಕೆಳಗೆ ಮಾತ್ರ, ಮೇಲೆ ಸೂರು ಈಗಲೂ ಒಂದೇ. ಎಡಕ್ಕೆ ನಾವು, ಬಲಕ್ಕೆ ಅವರು.

ಇಳಿದು ಬಂದು ಹೇಳಿದ, "ಎರಡೂ ಮನೆ ಒಂದೇ ಅಳತೆ ಅಮ್ಮ, ಒಂದ್ ಇಂಚು ಹೆಚ್ಚುಕಮ್ಮಿ ಇಲ್ಲ. ಚೀಟಿ ಬರ್ಕೊಡ್ತೀನಿ, ಶೀಟು ನಿಮಗೆ ಎಲ್ಲಿ ಬೇಕೋ ಅಲ್ಲಿ ಕಟ್ ಮಾಡ್ಸಿ ತರ್ಸಿ. ಆದ್ರೆ ಬಣ್ಣ ಮಾತ್ರ ಒಂದೇ ಇರ್ಲಿ. ಒಂದ್ ಸೂರಿಗೆ ಎರಡು ಬಣ್ಣ ಹಾಕಿದ್ರೆ ಅರ್ಧ ತಲೆ ಬೋಳಿಸ್ದಂಗೆ ಕಾಣ್ತದೆ. ಆಯಮ್ಮನ್ನ ಒಂದ್ ಮಾತು ಕೇಳ್ಕೊಳ್ಳಿ."

ಒಂದು ಮಾತಂತೆ. ಆಯಮ್ಮ ಅಂದರೆ ನನ್ನ ವಾರಗಿತ್ತಿ, ಮುತ್ತಮ್ಮಕ್ಕ. ನಾವಿಬ್ಬರೂ ಮಾತು ಬಿಟ್ಟು ಎಂಟು ವರ್ಷ ಅಂತ ಪಾಪ, ವಿಜಯಪುರದವನಿಗೆ ಹೇಗೆ ಗೊತ್ತಿರಬೇಕು.

ಏಪ್ರಿಲ್ 23

ಹೊಸಕೋಟೆ ಅಂಗಡಿಯಿಂದ ಇವರು ಶೀಟಿನ ನಾಲ್ಕು ತುಂಡು ತಂದರು. ಅಂಗೈ ಅಗಲದವು. ಕೆಂಪು, ಹಸಿರು, ನೀಲಿ, ಕಂದು. ಟ್ಯೂಬ್‌ಲೈಟ್ ಕೆಳಗೆ ಎಲ್ಲವೂ ಚೆಂದ. ಹಿತ್ತಿಲ ಬಿಸಿಲಿಗೆ ತಂದರೆ ಒಂದೊಂದರ ಬಣ್ಣ ಬಯಲಾಯಿತು. ಕಂದು, ಹಳಸಿದ ಹುರುಳಿ ಸಾರು. ನೀಲಿ ಕಣ್ಣಿಗೆ ಹೊಡೆಯುತ್ತದೆ. ಉಳಿದದ್ದು ಎರಡು.

ನನ್ನ ಮಗಳು ನವ್ಯಶ್ರೀ ಏರ್‌ಪೋರ್ಟಿನ ಕಾಫಿ ಅಂಗಡಿಯಲ್ಲಿ ಕೌಂಟರ್ ಕೆಲಸ. ಶಿಫ್ಟ್ ಮುಗಿಸಿ ಬಂದು ಟೈ ಬಿಚ್ಚುತ್ತಾ ಪಾಠ ಮಾಡಿದಳು. "ಅಮ್ಮ, ಮೊದ್ಲು ಗೋಡೆ ಏನ್ ಬಣ್ಣ ಅಂತ ಡಿಸೈಡ್ ಮಾಡು. ಗೋಡೆ ಲೈಟ್ ಇದ್ರೆ ರೂಫು ಡಾರ್ಕ್. ಎರಡೂ ಡಾರ್ಕ್ ಮಾಡಿದ್ರೆ ಮನೆ ಗೋಡೌನ್ ಥರ ಇರತ್ತೆ."

ಇವರು: "ಸೋರ್ದಿದ್ರೆ ಸಾಕು. ಬಣ್ಣ ಕಟ್ಕೊಂಡ್ ಏನ್ ಮಾಡ್ತೀಯ, ನೀನೇನು ಸೂರ್ ಮೇಲೆ ಕೂತ್ಕೊಂಡಿರ್ತೀಯಾ?"

ಬಣ್ಣದ ವಿಷಯದಲ್ಲಿ ಈ ಮನುಷ್ಯನನ್ನು ನಂಬುವುದಿಲ್ಲ. ಮದುವೆಗೆ ಹಳದಿ ಪ್ಯಾಂಟ್ ಹಾಕಿಕೊಂಡು ಬಂದವರು.

ನಾಲ್ಕೂ ತುಂಡು ಹಿತ್ತಿಲ ಗೋಡೆ ಮೇಲೆ ಸಾಲಾಗಿ ಇಟ್ಟೆ. ಯಾಕೆ ಅಂತ ನವ್ಯ ಕೇಳಿದಳು. ಬಿಸಿಲಿಗೆ ಬಣ್ಣ ಮಾಸುತ್ತದಾ ನೋಡೋಕೆ ಅಂದೆ. ಸುಳ್ಳು. ಆ ಗೋಡೆ ಎದೆಮಟ್ಟ. ಆಚೆ ಮುತ್ತಮ್ಮಕ್ಕನ ಕೊಟ್ಟಿಗೆ.

ಏಪ್ರಿಲ್ 24, ಬೆಳಗ್ಗೆ 6.30

ಆಚೆಯಿಂದ ಉತ್ತರ ಸಿಕ್ಕಿತು.

ಮಾತು ಬಿಟ್ಟರೂ ವಿಷಯ ಮುಟ್ಟಿಸಬೇಕಲ್ಲ. ನಮ್ಮೂರಲ್ಲಿ ಮಾತು ಬಿಟ್ಟವರೆಲ್ಲ ಮಾಡುವುದು ಇದನ್ನೇ — ಹಸುಗೋ, ಕೋಳಿಗೋ, ಕಂಕುಳ ಕೂಸಿಗೋ ಹೇಳುವುದು, ಆಚೆಯವರಿಗೆ ಕೇಳುವ ಹಾಗೆ. ಮುತ್ತಮ್ಮಕ್ಕ ತನ್ನ ಹಸು ಬೆಳ್ಳಿಗೆ ಹೇಳುತ್ತಾಳೆ, "ನಾಳೆ ನಲ್ಲಿ ಬರಲ್ವಂತೆ ಕಣೇ ಬೆಳ್ಳಿ, ಇವತ್ತೇ ತುಂಬ್ಕೊಬೇಕಂತೆ." ನಾನು ಡ್ರಮ್ ತುಂಬಿಸಿಕೊಳ್ಳುತ್ತೇನೆ. ನಾನು ನಮ್ಮ ನಾಯಿ ರಾಜನಿಗೆ ಹೇಳುತ್ತೇನೆ, "ಗುರುವಾರ ಪೋಲಿಯೋ ಹನಿ ಹಾಕ್ತಾರೋ ರಾಜ." ಅವರ ಮನೆಗೆ ಬಂದ ಮೊಮ್ಮಗು ಗುರುವಾರ ಅಂಗನವಾಡಿಯಲ್ಲಿ ಹಾಜರ್. ಈ ಎಂಟು ವರ್ಷದಲ್ಲಿ ಎರಡು ಹಸು, ಒಂದು ನಾಯಿ ನಮ್ಮ ಮಧ್ಯೆ ದುಡಿದಿವೆ. ನೇರವಾಗಿ ಒಂದಕ್ಷರ ಇಲ್ಲ.

ಇವತ್ತು ಹಾಲು ಕರೆಯುತ್ತಾ ಹೇಳಿದಳು, ನಿಧಾನವಾಗಿ, ನಾನು ಪಾತ್ರೆ ತೊಳೆಯುವುದು ನಿಲ್ಲಿಸುವ ತನಕ ಕಾದು:

"ಹಸ್ರು ಚೆಂದ ಕಣೇ ಬೆಳ್ಳಿ. ಹುಣ್ಸೆಮರ ಹೋದ್ಮೇಲೆ ಮನೆ ಮುಂದೆ ಕಣ್ಣಿಗೆ ಒಂದ್ ಹಸ್ರು ಇಲ್ಲ. ಬಾಗ್ಲು ತೆಗೆದ್ರೆ ಬರೀ ಟಾರು. ಸೂರಾದ್ರೂ ಹಸ್ರಾಗಿರ್ಲಿ, ಅಲ್ವೇನೇ?"

ಬೆಳ್ಳಿ ಬಾಲ ಬೀಸಿತು. ನನಗೆ ಸಿಟ್ಟು ಬಂತು. ಯಾಕೆಂದರೆ ನನಗೆ ಬೇಕಾದದ್ದು ಕೆಂಪು.

ಏಪ್ರಿಲ್ 25, ಶುಕ್ರವಾರ

ಹೊಸಕೋಟೆಯಲ್ಲಿ ಮೀಟಿಂಗು. ಹೋಗುವಾಗ ಬರುವಾಗ ಬಸ್ಸಿನ ಕಿಟಕಿಯಲ್ಲಿ ಬರೀ ಸೂರು ನೋಡಿದೆ. ನೀಲಿ ಲೆಕ್ಕ ಬಿಟ್ಟೆ, ಅಷ್ಟಿವೆ. ನೀಲಿ ಹಾಕಿದ ಮನೆ ಎಷ್ಟೇ ದೊಡ್ಡದಿರಲಿ, ಕೋಳಿ ಫಾರಂ. ಒಬ್ಬರು ಗೋಡೆಗೂ ನೇರಳೆ, ಸೂರಿಗೂ ನೇರಳೆ ಬಳಿದಿದ್ದಾರೆ — ಕಿಟಕಿ ಎಲ್ಲಿ, ಬಾಗಿಲು ಎಲ್ಲಿ ಗೊತ್ತಾಗುವುದಿಲ್ಲ. ನಂದಗುಡಿ ಕ್ರಾಸ್ ಹತ್ತಿರ ಒಂದು ಮನೆ, ಕೆನೆ ಬಣ್ಣದ ಗೋಡೆ, ಕೆಂಪು ಸೂರು. ಸಣ್ಣ ಮನೆ. ಮದುವೆ ಹೆಣ್ಣಿನ ಹಾಗೆ ನಿಂತಿತ್ತು. ಕತ್ತು ಹೊರಗೆ ಹಾಕಿ ನೋಡಿದೆ.

ಪಕ್ಕದಲ್ಲಿ ನಮ್ಮ ಅಂಗನವಾಡಿಯ ಅಡುಗೆಯ ಲಕ್ಕಮ್ಮ. "ಏನ್ ಟೀಚರ್, ಎಲ್ಲಾರ್ ಮನೆ ಮೇಲೂ ಕಣ್ಣ್ ಹಾಕ್ತಾ ಇದ್ದೀರಾ. ನಿವಾಳಿಸಿ ಹಾಕ್ಬೇಕು ಊರಿಗೆ."

ಹಸಿರನ್ನೂ ನೋಡಿದೆ, ಪಕ್ಷಪಾತ ಮಾಡಬಾರದು ಅಂತ. ಎರಡು ಕಂಡವು. ಒಂದರ ಮೇಲೆ ಕೆಮ್ಮಣ್ಣು ಧೂಳು ಕೂತು ಯಾವ ಬಣ್ಣವೂ ಅಲ್ಲದೆ ಹೋಗಿತ್ತು. ಇನ್ನೊಂದು... ಚೆನ್ನಾಗಿತ್ತು. ಬರೆಯಲು ಮನಸ್ಸಿಲ್ಲ, ಆದರೆ ಚೆನ್ನಾಗಿತ್ತು.

ಏಪ್ರಿಲ್ 30

ಇವತ್ತು ರಾಜನಿಗೆ ಹೇಳಿಯೇಬಿಟ್ಟೆ. ಗೋಡೆ ಆಚೆ ಬಳೆ ಸದ್ದು ಕೇಳಿದ ಮೇಲೆ.

"ಕೆಂಪು ಸೂರು ಕಣೋ ರಾಜ, ಈ ಮನೆ ಅಂದ್ರೆ. ನಾನು ಸೊಸೆಯಾಗಿ ಬಂದ ವರ್ಷ ಹೊಸ ಹಂಚು ಹೊದಿಸಿದ್ರು. ಕೆಂಪಗೆ ಹೊಳೀತಿತ್ತು. ಟೆಂಪೋದಿಂದ ಇಳಿದೋಳು ಮೊದ್ಲು ನೋಡಿದ್ದೇ ಅದನ್ನ. ಪರವಾಗಿಲ್ಲ, ಒಳ್ಳೇ ಮನೆಗೇ ಬಂದಿದ್ದೀನಿ ಅನ್ನಿಸ್ತು."

ಬಳೆ ಸದ್ದು ನಿಂತಿತು. ಬೆಳ್ಳಿಗೂ ಏನೂ ಹೇಳಲಿಲ್ಲ. ರಾಜ ಮಾತ್ರ ಮುದ್ದೆ ತುಂಡು ಸಿಗುತ್ತದೇನೋ ಅಂತ ನನ್ನ ಕೈ ನೋಡುತ್ತಾ ಕೂತಿದ್ದ.

ಆ ಟೆಂಪೋದಿಂದ ಇಳಿದಾಗ ನನ್ನ ಕೈ ಹಿಡಿದು ಒಳಗೆ ಕರೆದುಕೊಂಡು ಹೋದವಳು ಮುತ್ತಮ್ಮಕ್ಕನೇ. ಅದನ್ನು ರಾಜನಿಗೆ ಹೇಳಲಿಲ್ಲ.

ಮೇ 1, ಮಧ್ಯಾಹ್ನ

ಬರೆದುಬಿಡುತ್ತೇನೆ. ಇಲ್ಲಿ ತಾನೆ.

ಊರೆಲ್ಲ ತಿಳಿದಿರುವುದು ಭಾಗದಲ್ಲಿ ಜಗಳ ಆಗಿ ಮಾತು ಬಿಟ್ಟರು ಅಂತ. ಭಾಗದಲ್ಲಿ ಜಗಳವೇ ಆಗಲಿಲ್ಲ. ಹಗ್ಗ ಹಿಡಿದು ಅಳೆದರು, ಅಡುಗೆಮನೆ ನಟ್ಟನಡುವೆ ಗೋಡೆ ಬಂತು, ಒಲೆ ಅವರ ಕಡೆಗೆ ಹೋಯಿತು. ಅಷ್ಟೇ. ಅಳತೆ ಅಂದರೆ ಅಳತೆ. ನನಗೆ ಮಾತ್ರ ಹೊಟ್ಟೆ ಉರಿದುಹೋಯಿತು, ಹದಿನೇಳು ವರ್ಷ ಊದಿದ ಒಲೆ. ಅವತ್ತು ಸಂಜೆ ನಮ್ಮ ಕಡೆ ಅಡುಗೆಗೆ ಏನೂ ಇರಲಿಲ್ಲ. ಮುತ್ತಮ್ಮಕ್ಕ ಮುದ್ದೆ, ಉಪ್ಸಾರು ಮಾಡಿ, ಪಾತ್ರೆಗೆ ತಟ್ಟೆ ಮುಚ್ಚಿ ತಂದು ನಮ್ಮ ಜಗಲಿ ಮೇಲೆ ಇಟ್ಟು, "ಲಚ್ಮಿ, ಮಕ್ಳಿಗೆ ಬಡ್ಸು" ಅಂತ ಕೂಗಿದಳು. ನಾನು ಮುಚ್ಚಿದ ತಟ್ಟೆ ತೆಗೆಯದೆ ಪಾತ್ರೆ ಹಾಗೇ ಎತ್ತಿಕೊಂಡು ಹೋಗಿ ಅವಳ ಬಾಗಿಲಲ್ಲಿ ಇಟ್ಟು ಬಂದೆ. "ಒಲೆನೂ ನೀವೇ ಇಟ್ಕೊಳ್ಳಿ, ಊಟನೂ ನೀವೇ ಇಟ್ಕೊಳ್ಳಿ" ಅಂದೆ.

ಮಾರನೇ ದಿನವೇ ತಪ್ಪಾಯಿತು ಅನ್ನಿಸಿತ್ತು. ಮಾರನೇ ದಿನ ಹೇಳಲಿಲ್ಲ. ವಾರ ಆಯಿತು. ತಿಂಗಳು ಆದ ಮೇಲೆ ಹೇಗೆ ಶುರು ಮಾಡುವುದು ಗೊತ್ತಾಗಲಿಲ್ಲ. ಮೂವತ್ತು ಮಕ್ಕಳಿಗೆ ದಿನಾ "ಸಾರಿ ಹೇಳು, ಕೈ ಕುಲುಕು" ಅಂತ ಹೇಳಿಕೊಡುವ ಟೀಚರ್ ನಾನು.

ಮೇ 9, ಶುಕ್ರವಾರ

ಹೊಸಕೋಟೆಗೆ ಇವರ ಜೊತೆ ನಾನೂ ಹೋದೆ. ಹಸಿರು ಬರೆಸಿದೆ.

ಇವರು ಅಂಗಡಿಯವನ ಮುಂದೆಯೇ ಬಾಯಿ ಬಿಟ್ಟರು. "ಕೆಂಪು ಕೆಂಪು ಅಂತ ಹದಿನೈದು ದಿನದಿಂದ ತಲೆ ತಿಂದ್ಯಲ್ಲೇ."

"ಈಗ ಹಸಿರು ಅಂತಿದ್ದೀನಲ್ಲ, ಬರೆಸಿ."

"ಅತ್ತಿಗೆಗೋಸ್ಕರನಾ?"

"ನಿಮ್ಮಣ್ಣನ ಹತ್ರ ಬಾಯಿ ಬಿಟ್ರೆ ನೋಡಿ ಮತ್ತೆ."

ಬಿಡುವುದಿಲ್ಲ, ಗೊತ್ತು. ಅಣ್ಣತಮ್ಮ ಇಬ್ಬರೂ ದಿನಾ ಮಾತಾಡುತ್ತಾರೆ — ಬೋರ್‌ವೆಲ್ಲು, ಮೋಡ, ಟೊಮೇಟೊ. ಹೆಂಡಂದಿರ ಮಧ್ಯದ ವಿಷಯ ಮಾತ್ರ ಎತ್ತುವುದಿಲ್ಲ. ಜಾಣರು.

ತಪ್ಪಾಯಿತು ಅಂತ ಬಾಯಲ್ಲಿ ಹೇಳಲು ನನ್ನಿಂದ ಆಗಲಿಲ್ಲ. ಸೂರೇ ಹೇಳಲಿ. ಹಸಿರು ಶೀಟು ಬಂದು ಇಳಿದ ದಿನ ಅವಳಿಗೆ ಅರ್ಥವಾಗುತ್ತದೆ. ಅವಳಿಗೆ ಎಲ್ಲವೂ ಅರ್ಥವಾಗುತ್ತದೆ, ಅದೇ ನನಗೆ ಭಯ. ಬರುವಾಗ ನಂದಗುಡಿ ಕ್ರಾಸಿನ ಕೆಂಪು ಮನೆ ಬಂದಾಗ ಆ ಕಡೆ ತಿರುಗಿ ಕೂತೆ. ಸ್ವಲ್ಪ ದುಃಖ ಆಯಿತು. ಆದರೂ ಮನಸ್ಸು ಹಗುರವಾಗಿದೆ. ರಾತ್ರಿ ಪಾಯಸ ಮಾಡಿದೆ. ಏನು ವಿಶೇಷ ಅಂತ ನವ್ಯ ಕೇಳಿದಳು. ಶ್ಯಾವಿಗೆ ಹುಳ ಹಿಡಿಯುತ್ತಿತ್ತು ಅಂದೆ.

ಮೇ 17

ಶೀಟು ಇನ್ನೂ ಬಂದಿಲ್ಲ. ಅಂಗಡಿಗೆ ಮೂರು ಸಲ ಫೋನು. ಸಂಜೆಯಾದರೆ ಮೋಡ.

ಮುತ್ತಮ್ಮಕ್ಕ ಯಾಕೋ ಖುಷಿಯಲ್ಲಿದ್ದಾಳೆ. ಬೆಳ್ಳಿಗೆ ಮೈ ತೊಳೆಯುತ್ತಾ ಸೋಬಾನೆ ಪದ ಹೇಳುತ್ತಿದ್ದಳು. ಬಣ್ಣದ ಮಾತು ಆಮೇಲೆ ಎತ್ತಿಯೇ ಇಲ್ಲ. ಇರಲಿ, ಅವಳು ಹಸಿರೇ ತರಿಸಿರುತ್ತಾಳೆ, ನಾನೂ ಹಸಿರು. ರೋಡಿನಲ್ಲಿ ಹೋಗುವವರು ಒಂದೇ ಮನೆ ಅಂದುಕೊಳ್ಳಬೇಕು.

ಮೇ 26, ಸೋಮವಾರ

ನಕ್ಕು ನಕ್ಕು ಸಾಕಾಗಿದೆ.

ಹತ್ತು ಗಂಟೆಗೆ ಮೊದಲು ಅವರ ಟೆಂಪೋ ಬಂತು, ದೇವನಹಳ್ಳಿಯಿಂದ. ನಾನು ಜಗಲಿ ಮೇಲೆ ಅಕ್ಕಿ ಕೇರುತ್ತಿದ್ದೆ. ಹಗ್ಗ ಬಿಚ್ಚಿದರು. ಟಾರ್ಪಾಲು ಸರಿಸಿದರು. ಕೆಂಪು. ಕುಂಕುಮದಂತಹ ಕೆಂಪು. ಏನಿದು, ಹಸಿರು ಅಂದವಳು ಇವಳೇ ತಾನೆ? ಮೊರ ಕೆಳಗಿಟ್ಟು ಎದ್ದು ನಿಂತೆ. ಅಷ್ಟರಲ್ಲಿ ಹೊಸಕೋಟೆ ಕಡೆಯಿಂದ ನಮ್ಮ ಟೆಂಪೋ. ಅದರ ಹಿಂಬದಿಯಲ್ಲಿ ಹಸಿರು ಕಾಣುತ್ತಿತ್ತು.

ಮುತ್ತಮ್ಮಕ್ಕ ಬಾಗಿಲಿಗೆ ಬಂದಳು. ನಮ್ಮ ಟೆಂಪೋ ನೋಡಿದಳು. ತನ್ನ ಟೆಂಪೋ ನೋಡಿದಳು. ರೋಡಿಗೆ ಇಳಿದಳು. ನಾನೂ ಇಳಿದೆ. ಗಂಡಸರಿಬ್ಬರೂ ಹೊಲಕ್ಕೆ ಹೋಗಿದ್ದರು. ಬೆಳ್ಳಿಯನ್ನು ಭಾವ ಮೇಯಲು ಹೊಡೆದುಕೊಂಡು ಹೋಗಿದ್ದರು. ರಾಜ ಟೆಂಪೋ ಸದ್ದಿಗೆ ಹೆದರಿ ಎಲ್ಲೋ ಓಡಿದ್ದ. ಹೇಳಿಕೊಳ್ಳಲು ಮಧ್ಯೆ ಒಂದು ಪ್ರಾಣಿ ಇಲ್ಲ. ಅವಳು ಸುತ್ತ ಹುಡುಕಿದ್ದನ್ನು ನಾನೇ ನೋಡಿದೆ.

ಕೊನೆಗೆ ನನ್ನ ಮುಖವನ್ನೇ ನೋಡಿ ಕೇಳಿದಳು, "ಕೆಂಪು ಅಂದಿದ್ದೆ ಅಲ್ವಾ ಲಚ್ಮಿ ನೀನು?"

"ನೀವು ಹಸಿರು ಅಂದಿದ್ರಲ್ಲಕ್ಕ."

"ನಾನ್ ಬೆಳ್ಳಿಗೆ ಹೇಳ್ದೆ."

"ನಾನೂ ರಾಜನಿಗೇ ಹೇಳಿದ್ದು."

ಆಮೇಲೆ ಮುತ್ತಮ್ಮಕ್ಕ ಸೆರಗು ಬಾಯಿಗೆ ಅಡ್ಡ ಹಿಡಿದು, ಅಲ್ಲೇ ಮೈಲಿಗಲ್ಲಿನ ಮೇಲೆ ಕುಸಿದು ಕೂತು ನಕ್ಕಳು ನೋಡಿ... ಹೊಟ್ಟೆ ಹಿಡಿದುಕೊಂಡು. ನನಗೂ ತಡೆಯಲಾಗಲಿಲ್ಲ. ಅವಳ ಭುಜ ಹಿಡಿದುಕೊಂಡೇ ನಕ್ಕೆ. ನಗು ಎಲ್ಲಿ ಮುಗಿದು ಅಳು ಎಲ್ಲಿ ಶುರುವಾಯಿತೋ ತಿಳಿಯದು. ಏರ್‌ಪೋರ್ಟ್ ಟ್ಯಾಕ್ಸಿಯೊಂದು ನಿಧಾನ ಮಾಡಿ ನೋಡಿಕೊಂಡು ಹೋಯಿತು.

ಟೆಂಪೋ ಡ್ರೈವರ್ ತಲೆ ಕೆರೆದುಕೊಂಡು ಕೇಳಿದ, "ಅಮ್ಮ, ಇಳಿಸ್ಲಾ ಬೇಡ್ವಾ?"

ಮೇ 27

ಅಂಗಡಿಯವರು ವಾಪಸ್ ತೆಗೆದುಕೊಳ್ಳುವುದಿಲ್ಲ. ಅಳತೆಗೆ ಕಟ್ ಮಾಡಿಸಿದ ಶೀಟು. ಎರಡೂ ಅಂಗಡಿಯಲ್ಲಿ ಅದೇ ಮಾತು.

ಅಣ್ಣತಮ್ಮ ಇಬ್ಬರೂ ಕೈ ಕಟ್ಟಿಕೊಂಡು ಶೀಟಿನ ರಾಶಿ ಮುಂದೆ ನಿಂತಿದ್ದರು. ಇವರು ಭಾವನಿಗೆ, "ನಂಗೆ ಗೊತ್ತಿತ್ತಣ್ಣ ನಮ್ದು ಹಸಿರು ಅಂತ." ಭಾವ ಇವರಿಗೆ, "ನಂಗೂ ಗೊತ್ತಿತ್ತು ಕಣೋ ನಮ್ದು ಕೆಂಪು ಅಂತ." ಇಬ್ಬರಿಗೂ ಗೊತ್ತಿತ್ತಂತೆ. ದಿನಾ ಸಂಜೆ ಒಟ್ಟಿಗೆ ಕಟ್ಟೆ ಮೇಲೆ ಕೂತು ಮೋಡ ನೋಡುತ್ತಿದ್ದವರು. ಮುತ್ತಮ್ಮಕ್ಕ ಇಬ್ಬರಿಗೂ ಸೇರಿಸಿ ಒಂದು ಮಂಗಳಾರತಿ ಎತ್ತಿದಳು. ನಾನು ಹೂಂಗುಟ್ಟಿದೆ.

ನವ್ಯ: "ಹಾಗೇ ಹಾಕ್ಸಿ. ಗೋಡೆಗೆ ಹಳದಿ ಹೊಡೆದ್ರೆ ಸಿಗ್ನಲ್ ಆಗತ್ತೆ. ಏರ್‌ಪೋರ್ಟ್ ಗಾಡಿಗಳು ನಿಂತು ಹೋಗ್ತವೆ."

ನಗು ಬಂತು. ಆದರೆ ಹಾಗೇ ಹಾಕಿಸಿದರೆ ಭಾಗ ಆದದ್ದು ಮೈಲಿ ದೂರಕ್ಕೆ ಕಾಣುತ್ತದೆ. ಇಷ್ಟು ದಿನ ಸೂರೊಂದಾದರೂ ಭಾಗ ಆಗದೆ ಉಳಿದಿತ್ತು.

ಮೇ 28, ಮಧ್ಯಾಹ್ನ 1.15

ಅಂಗನವಾಡಿಯಲ್ಲಿ ಮಕ್ಕಳಿಗೆ ಕಾಗದದ ಮನೆ ಮಡಚಿ ಕೊಡುತ್ತಿದ್ದೆ. ನಡುವೆ ಒಂದು ಮಡಿಕೆ, ಆಕಡೆ ಒಂದು ಇಳಿಜಾರು, ಈಕಡೆ ಒಂದು. ಒಬ್ಬಳು ಪುಟ್ಟಿ ಮುಂದಿನ ಇಳಿಜಾರಿಗೆ ಪೂರ್ತಿ ಕೆಂಪು ಬಳಿದಳು. ತಿರುಗಿಸಿ ಹಿಂದಕ್ಕೆ ಹಸಿರು ತೆಗೆದುಕೊಂಡಳು. ನಾನು ಆ ಕಾಗದ ಕಿತ್ತುಕೊಂಡೆ. ಅವಳು ಅತ್ತಳು. ಲಕ್ಕಮ್ಮನಿಗೆ ಮಕ್ಕಳನ್ನು ಒಪ್ಪಿಸಿ ಓಡಿದೆ.

ನಮ್ಮ ಮನೆಗಲ್ಲ. ಮುತ್ತಮ್ಮಕ್ಕನ ಹೊಸಿಲು ದಾಟಿದ್ದು ದಾಟಿದ ಮೇಲೆಯೇ ಗಮನಕ್ಕೆ ಬಂತು. ಅವಳು ಅಲಸಂದೆಕಾಳು ಬಿಡಿಸುತ್ತಿದ್ದಳು. ಕಾಗದ ತೋರಿಸಿದೆ. ಎರಡು ಮನೆಗೂ ಒಂದೇ ಅಳತೆ, ಮುಂದಿನ ಇಳಿಜಾರೂ ಹಿಂದಿನ ಇಳಿಜಾರೂ ಸಮ. ಕೆಂಪು ಎರಡು ಇಳಿಜಾರಿಗೆ ಆಗುವಷ್ಟಿದೆ, ಹಸಿರೂ ಅಷ್ಟೇ ಇದೆ. ಎರಡು ಮನೆಗೂ ಸೇರಿಸಿ ಮುಂದೆಲ್ಲ ಒಂದು ಬಣ್ಣ, ಹಿಂದೆಲ್ಲ ಇನ್ನೊಂದು.

ಅವಳು ಕಾಗದವನ್ನು ಹಿಂದೆ ಮುಂದೆ ತಿರುಗಿಸಿ ನೋಡಿದಳು. "ಅಂದ್ರೆ ನಿಮ್ ಶೀಟು ನಮ್ ಮೇಲೆ."

"ನಿಮ್ಮದು ನಮ್ಮ ಮೇಲೆ."

"ನಾಳೆ ಯಾರಾದ್ರೂ ಇದು ನಮ್ದು, ಅದು ನಿಮ್ದು ಅಂತ ಬಂದ್ರೆ?"

"ಬಿಚ್ಚೋಕೆ ಹೋದೋರ ಮನೆನೂ ಸೋರತ್ತೆ ಅಕ್ಕ."

ಅವಳು ತಲೆದೂಗಿದಳು. ಯಾವುದು ಮುಂದೆ ಅಂತ ಮತ್ತೆ ಶುರುವಾಯಿತು. ನಾನು ಹಸಿರು ಅಂದೆ, ಅವಳು ಕೆಂಪು ಅಂದಳು. ಹತ್ತು ನಿಮಿಷ ಜಗಳ. ಎಂಟು ವರ್ಷದ ಮೇಲೆ ಮೊದಲ ಜಗಳ, ಬಹಳ ಚೆನ್ನಾಗಿತ್ತು. ಕೊನೆಗೆ ಅವಳದೇ ಗೆಲುವು. "ರೋಡಿನ್ ಧೂಳು ಕೆಂಪು. ಹಸ್ರು ಮೇಲೆ ಕೂತ್ರೆ ಎರಡೇ ದಿನಕ್ಕೆ ಗಬ್ಬೆದ್ದು ಹೋಗ್ತದೆ, ಕೆಂಪ್ ಮೇಲೆ ಗೊತ್ತಾಗಲ್ಲ. ಹಸ್ರು ಹಿಂದ್ಗಡೆ ಇರ್ಲಿ. ನಾವು ಕೂತ್ಕೊಳೋದು ಹಿತ್ತಿಲಲ್ಲಿ ತಾನೆ?"

ನಾವು ಅಂದಳು. ಇಲ್ಲಿ ಬರೆದಿಟ್ಟಿದ್ದೇನೆ.

ಇಷ್ಟೆಲ್ಲ ಮಾತಾಡಿದರೂ ಹೇಳಬೇಕಾದದ್ದು ಹೇಳಲಿಲ್ಲ. ಅಲಸಂದೆಕಾಳು ಬಿಡಿಸಿ ಕೊಟ್ಟು ಬಂದೆ.

ಮೇ 30, ಶುಕ್ರವಾರ, ಸಂಜೆ 5

ಶೀಟು ಕೂತಿವೆ. ರೋಡಿನ ಆಚೆ ಹೋಗಿ ನಿಂತು ನೋಡಿದೆ. ಒಂದು ಕೊನೆಯಿಂದ ಇನ್ನೊಂದು ಕೊನೆಗೆ ಒಂದೇ ಕೆಂಪು, ಎಲ್ಲೂ ತುಂಡಿಲ್ಲ. ಗೋಡೆಗೆ ಕೆನೆ ಬಣ್ಣ ಬಳಿಸಬೇಕು. ಹಿತ್ತಿಲಿಗೆ ಬಂದು ನೋಡಿದರೆ ಹಸಿರು. ಇವರೂ ನೋಡಿದರು. "ಪರವಾಗಿಲ್ವೇ" ಅಂದರು. ಇವರ ಬಾಯಲ್ಲಿ ಅದು ದೊಡ್ಡ ಮಾತು.

ಉಳಿದದ್ದು ನೆತ್ತಿ. ಎರಡು ಇಳಿಜಾರು ಸೇರುವ ಕಡೆ ಮೇಲೆ ಮುಚ್ಚುವ ಕ್ಯಾಪು. ಅವರ ಹತ್ತಿರ ಕೆಂಪು ಕ್ಯಾಪಿದೆ, ನಮ್ಮ ಹತ್ತಿರ ಹಸಿರು, ಎರಡೂ ಅರ್ಧರ್ಧ. ಅರ್ಧರ್ಧ ಹಾಕಿದರೆ ಮಾಡಿದ್ದೆಲ್ಲ ನೀರಲ್ಲಿ ಹೋಮ. ಒಂದು ಬಣ್ಣದ ಉಳಿದರ್ಧ ವಿಜಯಪುರದಿಂದ ತರಿಸುತ್ತೇನೆ, ಯಾವುದು ಹೇಳಿ ಅಂತ ಆದಿನಾರಾಯಣಪ್ಪ ಮೇಲಿನಿಂದಲೇ ಫೋನು ಹಿಡಿದು ಕೂಗಿದ. ನಾವಿಬ್ಬರೂ ಏಣಿ ಬುಡದಲ್ಲಿ ನಿಂತಿದ್ದೆವು. ಪಕ್ಕದಲ್ಲೇ ಬೆಳ್ಳಿ ಮೆಲುಕು ಹಾಕುತ್ತಿತ್ತು. ಮುತ್ತಮ್ಮಕ್ಕ ಅದರ ಕಡೆ ತಿರುಗಲಿಲ್ಲ. ನನ್ನನ್ನೇ ಕೇಳಿದಳು.

"ಇದೊಂದು ನೀನೇ ಹೇಳು. ನಂಗೆ ಏನಿಷ್ಟ ಅಂತ ನೋಡ್ಬೇಡ. ನಿಂಗೆ ಯಾವ್ದು ಬೇಕು?"

ಅಷ್ಟೇ ಕೇಳಿದ್ದು. ನನ್ನ ಬಾಯಲ್ಲಿ ಕೆಂಪು ಅಂತಲೂ ಬರಲಿಲ್ಲ, ಹಸಿರು ಅಂತಲೂ ಬರಲಿಲ್ಲ. ಬಂದದ್ದು ಇದು — "ಅಕ್ಕ, ಅವತ್ತು ನೀವು ತಂದಿಟ್ಟ ಊಟ ವಾಪಸ್ ಇಟ್ಟೆನಲ್ಲ, ಅದು ನನ್ನ ತಪ್ಪು. ದೊಡ್ಡ ತಪ್ಪು."

ಮುತ್ತಮ್ಮಕ್ಕ ನನ್ನನ್ನು ನೋಡಿದಳು. ಮೂಗಿನ ತುದಿ ಕೆಂಪಗಾಯಿತು. ಸೆರಗಿನಲ್ಲಿ ಒರೆಸಿಕೊಂಡು ಹೇಳಿದಳು, "ನಾನ್ ಅದ್ ಕೇಳ್ಲಿಲ್ಲ. ಕ್ಯಾಪಿನ್ ಬಣ್ಣ ಕೇಳ್ದೆ."

ಮುಖ ತೊಳೆದು ಬರುತ್ತೇನೆ ಅಂತ ಒಳಗೆ ಬಂದವಳು ಇದನ್ನು ಬರೆಯುತ್ತಾ ಕೂತಿದ್ದೇನೆ. ಮೂಡಲ ಕಡೆ ಮೋಡ ಕಟ್ಟಿದೆ. ಆದಿನಾರಾಯಣಪ್ಪ ಮೇಲೆ ಬೈದುಕೊಳ್ಳುತ್ತಿದ್ದಾನೆ. "ಲಚ್ಮೀ, ಸತ್ತ್ಯೇನೇ ಒಳಗೆ, ಹೇಳ್ಬಾರೇ" ಅಂತ ಮುತ್ತಮ್ಮಕ್ಕ ಕರೆಯುತ್ತಿದ್ದಾಳೆ, ಇಡೀ ಬೀದಿಗೆ ಕೇಳುವ ಹಾಗೆ. ಬಂದೆ ಅಕ್ಕ ಅಂದಿದ್ದೇನೆ. ಹೋಗಿ ಹೇಳುವುದು —